ಪಾಸ್ತಾ ಕಲಿಯೋಕೆ ಇಟಲಿಗೇ ಹೋಗ್ಬೇಕಾ? ಮಾರಿಕುಪ್ಪಂ ರೈಲು ಹತ್ತಿ!

ಪ್ರವಾಸ ಅಂದ ಕೂಡಲೇ ನಮ್ಮಂಥ ಗೃಹಿಣಿಯರಿಗೆ ಮೊದಲು ಆಗುವ ಖುಷಿ ಯಾವುದು ಹೇಳಿ? ನಾಲ್ಕು ದಿನ ಒಲೆ ಮುಂದೆ ನಿಲ್ಲೋದು ತಪ್ಪುತ್ತಲ್ಲ, ಅದು! ಬೆಳಗಾಗೆದ್ದು ತಿಂಡಿ ಏನು ಅಂತ ಯೋಚಿಸಬೇಕಾಗಿಲ್ಲ, ಕುಕ್ಕರ್ ಎಷ್ಟು ಸಲ ಕೂಗಿತು ಅಂತ ಎಣಿಸಬೇಕಾಗಿಲ್ಲ. ಅಂಥದ್ದರಲ್ಲಿ ಪ್ರವಾಸ ಹೋದ ಕಡೆಯೂ ದುಡ್ಡು ಕೊಟ್ಟು ಹಿಟ್ಟು ಕಲಸಿ ಬಂದವರನ್ನು ಕಂಡರೆ ನಗು ಬರುವುದಿಲ್ಲವೇ? ನಮ್ಮ ಅಪಾರ್ಟ್‌ಮೆಂಟಿನ ಪರಿಚಯದವರೊಬ್ಬರು ಇಟಲಿಗೆ ಹೋಗಿ ಬಂದಾಗ ನಾನೂ ನಕ್ಕವಳೇ. ಅವರ ಯಜಮಾನರಂತೂ "ಮನೇಲಿ ಪುಕ್ಕಟೆ ಮಾಡೋ ಕೆಲಸಾನ ಅಲ್ಲಿ ಕಾಸು ಕೊಟ್ಟು ಮಾಡಿದ್ಳು" ಅಂತ ಬಂದವರ ಮುಂದೆಲ್ಲ ಹೇಳಿ ರೇಗಿಸಿದ್ದೇ ರೇಗಿಸಿದ್ದು.

ಆದರೆ ಫೋಟೊ ತೋರಿಸುವಾಗ ಆಕೆ ಪೀಸಾದ ವಾಲುಗೋಪುರವನ್ನು ಸರ್ರನೆ ಸರಿಸಿಬಿಟ್ಟರು. ನಿಂತದ್ದು ಒಂದೇ ಒಂದು ಫೋಟೊ ಮೇಲೆ. ಮೊಣಕೈವರೆಗೂ ಹಿಟ್ಟು, ಸೊಂಟಕ್ಕೆ ಏಪ್ರನ್, ಎದುರಿಗೆ ಒಬ್ಬ ಅಜ್ಜಿ. "ಮೂವತ್ತು ವರ್ಷದಿಂದ ಎಲ್ಲರಿಗೂ ಬಡಿಸಿದ್ದೇ ಆಯ್ತು. ಎಷ್ಟೋ ಕಾಲ ಆದಮೇಲೆ ಯಾರೋ ನನ್ನ ಕೈ ಹಿಡಿದು 'ಹಾಗಲ್ಲ, ಹೀಗೆ' ಅಂತ ಕಲಿಸಿದ್ರು ಕಣ್ರೀ" ಅಂದರು. ಆಮೇಲೆ ಊಟದ ಮೇಜಿನ ಮೇಲೇ ಚಪಾತಿ ಹಿಟ್ಟಿನ ಸಣ್ಣ ಉಂಡೆಯೊಂದನ್ನು ಫೋರ್ಕಿನ ಬೆನ್ನಿಗಿಟ್ಟು ಹೆಬ್ಬೆರಳಿನಿಂದ ಎಳೆದು ತೋರಿಸಿದರು. ಹಿಟ್ಟು ಪುಟ್ಟ ಶಂಖದ ಹಾಗೆ ಸುರುಳಿಯಾಗಿ ಉದುರಿತು. ಮೈಮೇಲೆ ಗೆರೆ ಗೆರೆ.

ಅರೆ, ಇದನ್ನು ನಾನು ನೋಡಿದ್ದೇನಲ್ಲ! ಇಟಲಿಯಲ್ಲಲ್ಲ, ಕೆಜಿಎಫ್‌ನಲ್ಲಿ. ಕ್ರಿಸ್‌ಮಸ್ ಮುಂಚೆ ನನ್ನ ಗೆಳತಿ ಆಫೀಸಿಗೆ ಡಬ್ಬಿ ತುಂಬಾ ತರುತ್ತಿದ್ದ ಕಲ್‌ಕಲ್ ಇದೇ ತಾನೆ?

ಚಿನ್ನದೂರಿನ ಅಡುಗೆಮನೆ

ಕೆಜಿಎಫ್ ಅಂದರೆ ಈಗ ಎಲ್ಲರಿಗೂ 2018ರ ಸಿನಿಮಾ ನೆನಪಾಗುತ್ತದೆ. ಸಿನಿಮಾ ನೋಡಿದವರು ಬಂದು ಸೈನೈಡ್ ದಿಬ್ಬದ ಮುಂದೆ ಫೋಟೊ ತೆಗೆಸಿಕೊಂಡು ಹೋಗುತ್ತಾರೆ. ಆದರೆ ಆ ಊರಿನ ನಿಜವಾದ ಕಥೆ ಇರುವುದು ಅಡುಗೆಮನೆಗಳಲ್ಲಿ ಅಂತ ನನ್ನ ಅನಿಸಿಕೆ. 1880ರಲ್ಲಿ ಜಾನ್ ಟೇಲರ್ ಅಂಡ್ ಸನ್ಸ್ ಕಂಪನಿ ಇಲ್ಲಿ ಗಣಿಗಾರಿಕೆಗೆ ಕೈಹಾಕಿದ ಮೇಲೆ ಎಲ್ಲೆಲ್ಲಿಂದಲೋ ಜನ ಬಂದು ಸೇರಿದರು. ಉತ್ತರ ಆರ್ಕಾಟು, ಸೇಲಂ, ಚಿತ್ತೂರು ಕಡೆಯಿಂದ ಬಂದ ಕಾರ್ಮಿಕರೇ ಬಹಳ. ಗಣಿಯ ಕೆಳಗೆ ಇಳಿದು ಜೀವ ಪಣಕ್ಕಿಟ್ಟವರು ಅವರು. ಜೊತೆಗೆ ಇಂಗ್ಲೆಂಡಿನ ಕಾರ್ನ್‌ವಾಲ್‌ನ ಗಣಿ ಪರಿಣತರು, ಆಂಗ್ಲೋ-ಇಂಡಿಯನ್ನರು. 1900ರ ಆಸುಪಾಸಿನಲ್ಲಿ ಇಟಲಿಯ ಗಣಿ ಕೆಲಸಗಾರರೂ ಇಲ್ಲಿದ್ದರು ಅಂದರೆ ನಂಬ್ತೀರಾ? 1902ರಲ್ಲೇ ಶಿವನಸಮುದ್ರದಿಂದ ಇಲ್ಲಿಗೆ ಕರೆಂಟ್ ಬಂತು. ಬೆಂಗಳೂರಿಗೆ ದೀಪ ಬಂದದ್ದು ಅದಾದ ಮೂರು ವರ್ಷಕ್ಕೆ.

ಹಾಗಂತ ಇಟಲಿಯವರು ಪಾಸ್ತಾ ತಂದರು, ಅದೇ ಕಲ್‌ಕಲ್ ಆಯಿತು ಅಂತ ಚೆಂದದ ಕಥೆ ಕಟ್ಟಲು ನಾನು ಸಿದ್ಧಳಿಲ್ಲ. ಕಲ್‌ಕಲ್‌ನ ನೆಂಟಸ್ತಿಕೆ ಗೋವಾ ಕಡೆಯದು. ನಮ್ಮ ಮಂಗಳೂರಿನ ಕ್ರೈಸ್ತರ ಮನೆಯಲ್ಲಿ ಕ್ರಿಸ್‌ಮಸ್ ಕುಸ್ವಾರ್ ತಟ್ಟೆಯಲ್ಲಿ 'ಕಿಡಿಯೊ' ಅಂತ ಇರುತ್ತದಲ್ಲ, ಅದೂ ಇದೇ. ಕೊಂಕಣಿಯಲ್ಲಿ ಕಿಡಿಯೊ ಅಂದರೆ ಹುಳುಗಳು! ಹೆಸರು ಕೇಳಿ ಮುಖ ಸಿಂಡರಿಸಬೇಡಿ, ರುಚಿ ಹಾಗಿಲ್ಲ. ಇನ್ನು ಉತ್ತರ ಕರ್ನಾಟಕದ ಓದುಗರು ಈಗಾಗಲೇ "ನಮ್ಮ ಗೌಲಿ ಬಿಟ್ಟೇ ಬಿಟ್ರಲ್ಲ" ಅಂತಿರಬಹುದು. ನಿಜ, ಬಾಚಣಿಗೆ ಹಲ್ಲಿನ ಮೇಲೆ ಹೊಸೆದು ಒಣಗಿಸಿ, ಮದುವೆ ಮನೆಯಲ್ಲಿ ಪಾಯಸ ಮಾಡುವ ಗೌಲಿಯೂ ಇದೇ ವಂಶದ್ದೇ. ಇಟಲಿಯಲ್ಲೂ ಗಾರ್ಗನೆಲ್ಲಿ ಅನ್ನೋ ಪಾಸ್ತಾವನ್ನು ಬಾಚಣಿಗೆಯಂಥ ಹಲಗೆ ಮೇಲೆ ಉರುಳಿಸುತ್ತಾರೆ. ಹಿಟ್ಟು, ಹೆಬ್ಬೆರಳು, ಬಾಚಣಿಗೆ ಈ ಮೂರು ಇದ್ದ ಕಡೆಯೆಲ್ಲ ಹೆಣ್ಣುಮಕ್ಕಳಿಗೆ ಒಂದೇ ಉಪಾಯ ಹೊಳೆದಿದೆ ಬಿಡಿ.

ಡಿಸೆಂಬರ್ ಎರಡನೇ ವಾರ ಗೆಳತಿಗೆ ಫೋನ್ ಮಾಡಿದೆ. "ನಿಮ್ಮಮ್ಮನ ಹತ್ತಿರ ಕಲ್‌ಕಲ್ ಕಲಿಸ್ತೀಯಾ?" ಅವಳು ಒಂದು ಕ್ಷಣ ಸುಮ್ಮನಿದ್ದಳು. "ಅಮ್ಮ ಹೋದ ವರ್ಷ ಮಾಡೇ ಇಲ್ಲ ಕಣೆ. ಬೇಕರಿಯಿಂದ ತಂದ್ವಿ. ಬಲಗೈ ಹೆಬ್ಬೆರಳು ನೋವು. ಆದ್ರೂ ಕೇಳ್ತೀನಿ ಇರು" ಅಂದಳು. ಹತ್ತೇ ನಿಮಿಷಕ್ಕೆ ವಾಪಸ್ ಫೋನ್ ಬಂತು. ಶನಿವಾರ ಬರಬೇಕಂತೆ, ಉಗುರು ಕತ್ತರಿಸಿಕೊಂಡು ಬರಬೇಕಂತೆ!

ಬಳೆ ತೆಗಿ, ಉಂಗುರ ತೆಗಿ

ಬೆಂಗಳೂರಿನಿಂದ ಬಂಗಾರಪೇಟೆಗೆ ರೈಲಿನಲ್ಲಿ ಸುಮಾರು 70 ಕಿಲೋಮೀಟರ್. ಹಿಂದೆ ಅದಕ್ಕೆ ಬೌರಿಂಗ್‌ಪೇಟೆ ಅಂತ ಹೆಸರು, ಮೈಸೂರು ಕಮಿಷನರ್ ಆಗಿದ್ದ ಲೆವಿನ್ ಬೌರಿಂಗ್‌ನ ನೆನಪಿಗೆ. ಅಲ್ಲಿಂದ ಒಂದು ಕವಲು ಹಳಿ ಉರಿಗಾಂ, ಚಾಂಪಿಯನ್ ದಾಟಿ ಮಾರಿಕುಪ್ಪಂನಲ್ಲಿ ಮುಗಿದೇ ಹೋಗುತ್ತದೆ. ಮುಂದೆ ಹಳಿ ಇಲ್ಲ. 2001ರ ಫೆಬ್ರುವರಿ 28ರಂದು ಗಣಿ ಮುಚ್ಚಿದ ಮೇಲೆ ಈ ರೈಲೇ ಊರಿನ ಜೀವನಾಡಿ. ಬೆಳಕು ಹರಿಯುವ ಮುಂಚೆ ಬೆಂಗಳೂರಿಗೆ ಕೆಲಸಕ್ಕೆ ಹೊರಟು, ರಾತ್ರಿ ಮನೆ ಸೇರುವವರು ಸಾವಿರಾರು ಮಂದಿ. ನನ್ನ ಗೆಳತಿಯೂ ಮದುವೆಯಾಗುವವರೆಗೆ ಹಾಗೇ ಓಡಾಡಿದವಳು.

ಅವರ ಮನೆ ಹಳೇ ಮೈನಿಂಗ್ ಲೈನ್‌ನಲ್ಲಿ. ಚಿಕ್ಕ ಮನೆ, ಅದಕ್ಕಿಂತ ಚಿಕ್ಕ ಅಡುಗೆಮನೆ. ಆಂಟಿ ನೆಲದ ಮೇಲೆ ಚಾಪೆ ಹಾಸಿ, ಅದರ ಮೇಲೆ ಹಳೇ ಬಿಳಿ ಪಂಚೆ ಹರವಿ ಕಾದಿದ್ದರು. ತಮಿಳು, ಕನ್ನಡ, ಇಂಗ್ಲಿಷ್ ಮೂರೂ ಒಂದೇ ವಾಕ್ಯದಲ್ಲಿ ಬರುವ ಮಾತು ಅವರದು. "ಬಳೆ ತೆಗಿಮ್ಮಾ. ಉಂಗುರ ತೆಗಿ. ಕೂತ್ಕೋ" ಅಂದರು. ಮೂರು ಆಜ್ಞೆ ಮುಗಿಯುವಷ್ಟರಲ್ಲಿ ನಾನು ಐದನೇ ಕ್ಲಾಸಿನ ಹುಡುಗಿಯಾಗಿದ್ದೆ.

ನನ್ನ ಬ್ಯಾಗಿನಲ್ಲಿ ನೋಟ್‌ಬುಕ್ ಇತ್ತು. "ಎಷ್ಟು ಸಕ್ಕರೆ ಆಂಟಿ?" "ಸಾಕಷ್ಟು." "ತೆಂಗಿನಹಾಲು?" "ಹಿಟ್ಟು ಕೇಳಿದಷ್ಟು." ಆಯ್ತಲ್ಲ! ನಮ್ಮಮ್ಮ, ನಿಮ್ಮಮ್ಮ ಎಲ್ಲರದೂ ಇದೇ ಉತ್ತರ ತಾನೆ? ಅದಕ್ಕೆ ನಾನೊಂದು ಉಪಾಯ ಮಾಡಿಕೊಂಡು ಹೋಗಿದ್ದೆ. ಅಡುಗೆಮನೆಯ ಪುಟ್ಟ ತಕ್ಕಡಿ. ಸಕ್ಕರೆ ಡಬ್ಬಿಯನ್ನು ಮೊದಲೊಮ್ಮೆ ತೂಗಿದೆ, ಆಂಟಿ ಹಾಕಿದ ಮೇಲೆ ಇನ್ನೊಮ್ಮೆ. ವ್ಯತ್ಯಾಸವೇ ಅವರ 'ಸಾಕಷ್ಟು'. ಅವರು ಮೊದಲು ಗುರ್ ಅಂದರು, ಆಮೇಲೆ "ಓಹೋ, ನಾನು ನೂರಿಪ್ಪತ್ತೈದು ಗ್ರಾಂ ಹಾಕ್ತೀನಾ?" ಅಂತ ಅವರಿಗೇ ತಮಾಷೆ ಆಯಿತು.

ಹೀಗೆ ಸಿಕ್ಕ ಲೆಕ್ಕ ಇದು: ಅರ್ಧ ಕೆಜಿ ಮೈದಾ, ಪುಡಿ ಸಕ್ಕರೆ 125 ಗ್ರಾಂ, ಮೊಟ್ಟೆ 2, ತುಪ್ಪ ಎರಡು ಚಮಚ, ಚಿಟಿಕೆ ಉಪ್ಪು. ಗಟ್ಟಿ ತೆಂಗಿನಹಾಲು ಮುಕ್ಕಾಲು ಲೋಟದಿಂದ ಒಂದು ಲೋಟದವರೆಗೆ, ಒಂದೇ ಸಲ ಸುರಿಯದೆ ಸ್ವಲ್ಪ ಸ್ವಲ್ಪವೇ. ಮೊಟ್ಟೆ ತಿನ್ನದವರು ಅದನ್ನು ಬಿಟ್ಟು ತೆಂಗಿನಹಾಲು ಕೊಂಚ ಜಾಸ್ತಿ ಮಾಡಿ, ಇನ್ನೊಂದು ಚಮಚ ಬೆಣ್ಣೆ ಸೇರಿಸಿದರಾಯಿತು. ಚೆನ್ನಾಗಿ ನಾದಿ, ಒದ್ದೆ ಬಟ್ಟೆ ಮುಚ್ಚಿ ಒಂದು ಗಂಟೆ ಬಿಡಬೇಕು. ಹದ ಹೇಗೆ ಗೊತ್ತಾಗೋದು ಅಂದಿದ್ದಕ್ಕೆ ಆಂಟಿ ನನ್ನ ಕಿವಿಯನ್ನೇ ಹಿಡಿದರು. "ಹಾಲೆ ಮುಟ್ಕೋ. ಅಷ್ಟು ಮೆತ್ತಗೆ."

ಇಷ್ಟೆಲ್ಲ ಪುಸ್ತಕದಲ್ಲೂ ಸಿಗುತ್ತದೆ. ಕೆಜಿಎಫ್‌ನಲ್ಲೇ ಹುಟ್ಟಿ ಬೆಳೆದ ಬ್ರಿಜೆಟ್ ವೈಟ್-ಕುಮಾರ್ ಅವರು ಆಂಗ್ಲೋ-ಇಂಡಿಯನ್ ಅಡುಗೆಗಳ ಮೇಲೆ ಹಲವು ಪುಸ್ತಕ ಬರೆದಿದ್ದಾರೆ, ಆಸಕ್ತರು ಹುಡುಕಿ ಓದಬಹುದು. ಆದರೆ ಆಮೇಲಿನ ಕೆಲಸ ಇದೆಯಲ್ಲ, ಅದು ಕೈಗೇ ಬರಬೇಕು.

ಹಿಟ್ಟನ್ನು ಅಡಿಕೆ ಗಾತ್ರದ ಉಂಡೆ ಮಾಡಿ, ಹೊಸ ಬಾಚಣಿಗೆಯ (ತೊಳೆದು ಎಣ್ಣೆ ಸವರಿದ್ದು!) ಹಲ್ಲಿನ ಮೇಲಿಟ್ಟು, ಹೆಬ್ಬೆರಳಿನಿಂದ ಒತ್ತಿ ತಮ್ಮ ಕಡೆಗೆ ಎಳೆದರು. ಟಕ್ ಅಂತ ಸುರುಳಿ. ನಿಮಿಷಕ್ಕೆ ಹತ್ತಾದರೂ ಬೀಳುತ್ತಿದ್ದವು. ನಾನು ಮಾಡಿದ್ದು? ಮೊದಲನೆಯದು ಬಾಚಣಿಗೆಗೇ ಅಂಟಿಕೊಂಡಿತು. ಎರಡನೆಯದು ಚಪ್ಪಟೆ. ಮೂರನೆಯದು ಸುರುಳಿಯೇನೋ ಆಯಿತು, ಗೆರೆ ಒಳಗಡೆ ಹೋಗಿತ್ತು. "ಚಪಾತಿ ಲಟ್ಟಿಸೋ ಹಾಗೆ ಭಾರ ಹಾಕ್ತೀಯಾ. ಒತ್ತೋದು ಕಡಿಮೆ, ಎಳೆಯೋದು ಜಾಸ್ತಿ" ಅಂದರು. ಇಪ್ಪತ್ತೈದು ವರ್ಷ ಚಪಾತಿ ಲಟ್ಟಿಸಿದ ಜಂಬವೆಲ್ಲ ಇಳಿದುಹೋಯಿತು. ಆಮೇಲೆ ನನ್ನ ಹೆಬ್ಬೆರಳಿನ ಮೇಲೆ ತಮ್ಮ ಹೆಬ್ಬೆರಳಿಟ್ಟು ಎರಡು ಸಲ ಎಳೆದರು. ಬಂತು! ಇಟಲಿಗೆ ಹೋಗಿಬಂದ ಆಕೆ ಹೇಳಿದ್ದು ಏನು ಅಂತ ನನಗೆ ಆಗ ಅರ್ಥವಾಯಿತು.

ಗೆರೆ ಬರೀ ಅಂದಕ್ಕಲ್ಲ ಅನ್ನೋದು ಗೊತ್ತೇ? ಕಲ್‌ಕಲ್‌ಗೆ ಕೊನೆಯಲ್ಲಿ ಸಕ್ಕರೆ ಪಾಕ ಹೊದಿಸುತ್ತಾರೆ. ಗೆರೆಗಳ ಸಂದಿಯಲ್ಲಿ ಪಾಕ ಕೂರುತ್ತದೆ. ಪಾಸ್ತಾದಲ್ಲಿ ಅದೇ ಗೆರೆ ಟೊಮೆಟೊ ಸಾರನ್ನು ಹಿಡಿದಿಟ್ಟುಕೊಳ್ಳುತ್ತದೆ. ನಡುವಿನ ಟೊಳ್ಳಿನಿಂದ ಒಳಗೂ ಹೊರಗೂ ಒಂದೇ ಸಮ ಬೇಯುತ್ತದೆ.

ಇನ್ನೊಂದು ಎಡವಟ್ಟೂ ಹೇಳಿಬಿಡುತ್ತೇನೆ. ನನ್ನ ಕಲ್‌ಕಲ್‌ಗಳಲ್ಲಿ ಅರ್ಧಕ್ಕರ್ಧ ಎಣ್ಣೆಗೆ ಬಿದ್ದ ತಕ್ಷಣ ಬಿಚ್ಚಿಕೊಂಡು ಚಿಪ್ಸ್ ಆದವು. ಸುರುಳಿಯ ಅಂಚನ್ನು ಬೆರಳಲ್ಲಿ ಒಮ್ಮೆ ಮೆಲ್ಲಗೆ ಒತ್ತಿ ಕೂರಿಸಬೇಕಂತೆ. ಆಂಟಿ ಹೇಳಿರಲಿಲ್ಲ. ಯಾಕೆಂದರೆ ತಾವು ಹಾಗೆ ಒತ್ತುವುದು ಅವರಿಗೇ ಗೊತ್ತಿರಲಿಲ್ಲ! ಕೈ ತಾನಾಗಿ ಮಾಡುತ್ತಿತ್ತು. ನನ್ನದು ಬಿಚ್ಚಿಕೊಂಡ ಮೇಲೆ ತಮ್ಮ ಕೈಯನ್ನೇ ನೋಡಿಕೊಂಡು, "ಅಯ್ಯೋ ಹೌದಲ್ಲ, ಹೀಗೊಂದು ಚೂರು ಒತ್ತೀನಿ" ಅಂದರು. ಎಣ್ಣೆ ಹದವಾಗಿ ಕಾದಿರಬೇಕು, ಹೊಗೆ ಬರುವಷ್ಟು ಕಾದರೆ ಹೊರಗೆ ಕೆಂಪಾಗಿ ಒಳಗೆ ಹಸಿ ಉಳಿಯುತ್ತದೆ. ಕರಿದು ಪೂರ್ತಿ ಆರಿದ ಮೇಲೆ, ಕಾಲು ಕೆಜಿ ಸಕ್ಕರೆಗೆ ಅರ್ಧ ಲೋಟ ನೀರು ಹಾಕಿ ಗಟ್ಟಿ ಎಳೆಪಾಕ ಮಾಡಿ, ಅದರಲ್ಲಿ ಹೊರಳಿಸಿ, ಬಿಳಿ ಪೊರೆ ಬರುವವರೆಗೆ ಕೈಯಾಡಿಸಬೇಕು. ಡಬ್ಬಿಯಲ್ಲಿ ಗಾಳಿಯಾಡದಂತೆ ಮುಚ್ಚಿಟ್ಟರೆ ಎರಡು ವಾರಕ್ಕೆ ಮೋಸವಿಲ್ಲ. ಮಕ್ಕಳಿದ್ದ ಮನೆಯಲ್ಲಿ ಎರಡು ದಿನ.

ಮಗಳು ಕೂತಳು

ಮಧ್ಯಾಹ್ನ ಒಂದೂವರೆ ಇರಬಹುದು. ಅಷ್ಟು ಹೊತ್ತು ಬಾಗಿಲಲ್ಲಿ ನಿಂತು ಮೊಬೈಲಿನಲ್ಲಿ ನಮ್ಮ ವಿಡಿಯೊ ತೆಗೆಯುತ್ತಿದ್ದ ಗೆಳತಿ, ಮೊಬೈಲ್ ಪಕ್ಕಕ್ಕಿಟ್ಟು ಚಾಪೆ ಮೇಲೆ ಬಂದು ಕೂತಳು. "ನಂಗೂ ಒಂದು ಬಾಚಣಿಗೆ ಕೊಡಮ್ಮ" ಅಂದಳು. ಆಂಟಿ ತಲೆ ಎತ್ತಿ ನೋಡಿದರು.

ಇವಳಿಗೆ ಬರುತ್ತದೆ ಅಂತಲೇ ನಾನು ಅಂದುಕೊಂಡಿದ್ದೆ. ಬರುತ್ತಿರಲಿಲ್ಲ. ಗಣಿ ಮುಚ್ಚಿದಾಗ ಅವಳ ಅಪ್ಪನ ಕೆಲಸ ಹೋಯಿತು, ಅವಳಿಗೆ ಬೆಂಗಳೂರಿನಲ್ಲಿ ಕೆಲಸ ಸಿಕ್ಕಿತು. ಕತ್ತಲಲ್ಲೇ ಹೊರಟು ಕತ್ತಲಲ್ಲೇ ಬರುವವಳಿಗೆ ಡಿಸೆಂಬರ್ ತಿಂಗಳಲ್ಲಿ ರಜೆ ಎಲ್ಲಿ? ಅಮ್ಮ ಮಾಡಿ ಡಬ್ಬಿಗೆ ತುಂಬಿ ಕೊಟ್ಟದ್ದನ್ನು ಆಫೀಸಿನಲ್ಲಿ ನಮಗೆಲ್ಲ ಹಂಚಿದ್ದಷ್ಟೇ. "ನೀವೆಲ್ಲ ಚೆನ್ನಾಗಿದೆ ಅಂದಾಗ ನಾನೇ ಮಾಡಿದ್ದು ಅಂತ ಒಂದು ಸಲ ಸುಳ್ಳು ಹೇಳಿದ್ದೆ, ನೆನಪಿದ್ಯಾ?" ಅಂದಳು. ನನಗೆ ನೆನಪಿರಲಿಲ್ಲ. ಅವಳಿಗಿತ್ತು.

ಆಂಟಿ ಮಗಳಿಗೆ ಏನೂ ಬೈಯಲಿಲ್ಲ, ನನಗೆ ಬೈದಷ್ಟೂ ಇಲ್ಲ. ಪಕ್ಕಕ್ಕೆ ಸರಿದು ಜಾಗ ಮಾಡಿಕೊಟ್ಟರು. ಆಮೇಲೆ ಬಲಗೈ ಮಡಿಲಲ್ಲಿಟ್ಟುಕೊಂಡು, ಎಡಗೈಯಿಂದ ಉಂಡೆ ಮಾಡಿ ಮಾಡಿ ಅವಳ ಮುಂದೆ ಇಡುತ್ತಾ ಹೋದರು. ಸಂಜೆ ನಾಲ್ಕರವರೆಗೂ ಮೂವರೂ ಎದ್ದಿಲ್ಲ. ಅಂಗಳದಲ್ಲಿ ಪಕ್ಕದ ಮನೆಯವರು ಬಂದು ಇಣುಕಿ, "ಏನು, ಈ ವರ್ಷ ಮನೇಲೇನಾ?" ಅಂತ ಕೇಳಿ ಹೋದರು.

ಬಂಗಾರಪೇಟೆಯ ಒರಳು

ವಾಪಸ್ ಬರುವಾಗ ಬಂಗಾರಪೇಟೆಯಲ್ಲಿ ಇಳಿಯಲೇಬೇಕು. ಮೊದಲ ಕಾರಣ ಎಲ್ಲರಿಗೂ ಗೊತ್ತಿರುವುದೇ, ಪಾನಿಪುರಿ. ಪಾನಿ ನೋಡಲು ಬರೀ ನಲ್ಲಿ ನೀರಿನ ಹಾಗೆ ತಿಳಿ, ಬಾಯಿಗಿಟ್ಟರೆ ಕಿವಿಯಲ್ಲಿ ಹೊಗೆ! ಎರಡನೇ ಕಾರಣ, ನನ್ನ ಚಿಕ್ಕಮ್ಮನ ಮನೆ. ಕೆಜಿಎಫ್‌ನಲ್ಲಿ ಏನು ಮಾಡಿದೆ ಅಂತ ಹೇಳುತ್ತಿದ್ದಂತೆ ಚಿಕ್ಕಮ್ಮ ಮುಖ ಗಂಟಿಕ್ಕಿ, "ಊರೆಲ್ಲ ಸುತ್ತಿ ಕಲೀತೀಯಾ, ನನ್ನ ಹತ್ರ ಒಂದು ದಿನ ಶಾವಿಗೆ ಕಲೀಲಿಲ್ಲ" ಅಂದರು. ಸುಳ್ಳೇನಲ್ಲ. ಬೇಸಿಗೆ ರಜೆಯಲ್ಲಿ ಅವರ ಮನೆಯ ಒತ್ತುಶಾವಿಗೆ, ಕಾಯಿಹಾಲು ತಿಂದೇ ಬೆಳೆದವಳು ನಾನು. ತಿನ್ನಲು ಕೂತಿದ್ದೇನೆಯೇ ಹೊರತು ಒರಳಿನ ಹತ್ತಿರ ಹೋದವಳಲ್ಲ.

ಮಾರನೇ ದಿನ ಭಾನುವಾರ. ಅಟ್ಟದಿಂದ ಶಾವಿಗೆ ಒರಳು ಇಳಿಯಿತು. ಅಕ್ಕಿಹಿಟ್ಟನ್ನು ಉಪ್ಪು, ಚೂರು ಎಣ್ಣೆ ಹಾಕಿದ ಕುದಿನೀರಿನಲ್ಲಿ ಗಂಟಿಲ್ಲದಂತೆ ಕೆದಕಿ, ಉಂಡೆ ಕಟ್ಟಿ, ಆವಿಯಲ್ಲಿ ಬೇಯಿಸಿ, ಬಿಸಿಯಾಗಿರುವಾಗಲೇ ಒತ್ತಬೇಕು. ಆರಿತೋ, ಇಬ್ಬರು ಗಂಡಸರು ಜೋತುಬಿದ್ದರೂ ಇಳಿಯುವುದಿಲ್ಲ. ಒಬ್ಬರು ಒತ್ತಬೇಕು, ಇನ್ನೊಬ್ಬರು ಕೆಳಗೆ ತಟ್ಟೆ ತಿರುಗಿಸುತ್ತಿರಬೇಕು. ಇಟಲಿಯ ವೆನಿಸ್ ಕಡೆ ಬಿಗೋಲಿ ಅನ್ನೋ ದಪ್ಪ ಶಾವಿಗೆಯನ್ನು ಒತ್ತಲು ಬೆಂಚಿಗೆ ಕೂರಿಸಿದ ಇಂಥದ್ದೇ ಯಂತ್ರವಿದೆ, ಅದರ ಹಿಡಿಯನ್ನು ತಿರುಗಿಸಿ ಒತ್ತುತ್ತಾರೆ.

ಒಂದು ವ್ಯತ್ಯಾಸ ಮಾತ್ರ ದೊಡ್ಡದು. ಅವರು ಹಸಿ ಹಿಟ್ಟು ಒತ್ತಿ ಆಮೇಲೆ ಬೇಯಿಸುತ್ತಾರೆ, ನಾವು ಮೊದಲು ಬೇಯಿಸಿ ಆಮೇಲೆ ಒತ್ತುತ್ತೇವೆ. ಗೋಧಿಯಲ್ಲಿ ಅಂಟು ಇದೆ, ನೀರು ಸೇರಿಸಿ ನಾದಿದರೆ ಅದೇ ಹಿಡಿದುಕೊಳ್ಳುತ್ತದೆ. ಅಕ್ಕಿ, ರಾಗಿಯಲ್ಲಿ ಆ ಅಂಟಿಲ್ಲ. ಶಾಖ ಕೊಟ್ಟರೇನೇ ಹಿಟ್ಟು ಒಂದಾಗುವುದು. ಚಿಕ್ಕಮ್ಮನಿಗೆ ಈ ವಿಜ್ಞಾನ ಹೇಳಿದೆ. "ಹಸಿ ಹಿಟ್ಟು ಒತ್ತಿದ್ರೆ ಮುರಿಯುತ್ತೆ ಅಂತ ನಂಗೆ ಗೊತ್ತಿಲ್ವಾ? ತಟ್ಟೆ ತಿರುಗಿಸು" ಅಂದರು.

ಮನೆಯಲ್ಲೇ ಪಾಸ್ತಾ, ಇಟಲಿ ರವೆ ಬೇಡ

ಇಷ್ಟು ಕೈ ಪಳಗಿದ ಮೇಲೆ ಪಾಸ್ತಾ ಕಷ್ಟವೇ ಅಲ್ಲ. ಇಟಲಿಯ ಉತ್ತರದ ಬೊಲೋನ್ಯ ಕಡೆ 100 ಗ್ರಾಂ ಹಿಟ್ಟಿಗೆ ಒಂದು ಮೊಟ್ಟೆ ಲೆಕ್ಕ. ದಕ್ಷಿಣದಲ್ಲಿ ಮೊಟ್ಟೆ ಇಲ್ಲ, ಗಟ್ಟಿ ಗೋಧಿಯ ರವೆ ಮತ್ತು ನೀರು ಅಷ್ಟೇ. ಅಲ್ಲಿನ ಬಾರಿ ಅನ್ನೋ ಊರಿನ ಹಳೇ ಬೀದಿಯಲ್ಲಿ ಹೆಂಗಸರು ಮನೆಬಾಗಿಲಲ್ಲೇ ಮೇಜು ಹಾಕಿಕೊಂಡು ಕಿವಿ ಆಕಾರದ ಓರೆಕಿಯೆತ್ತೆ ಪಾಸ್ತಾ ಮಾಡಿ ಮಾರುತ್ತಾರೆ. ನಮಗೆ ಹೊಂದುವುದು ಈ ದಕ್ಷಿಣದ ಪದ್ಧತಿ. ಆ ಗಟ್ಟಿ ಗೋಧಿ ಅಂದರೆ ಡುರಮ್. ಅಂಗಡಿಯಲ್ಲಿ ಬನ್ಸಿ ರವೆ ಅಂತ ಹಳದಿ ಬಣ್ಣದ್ದು ಸಿಗುತ್ತದಲ್ಲ, ಅದು ಇದೇ ಜಾತಿಯ ಗೋಧಿಯದು. ಬರೀ ಮೈದಾ ಹಾಕಿದರೆ ಎಳೆದ ಆಕಾರ ಮತ್ತೆ ಕುಗ್ಗುತ್ತದೆ, ಬೇಯಿಸಿದಾಗ ಮೆತ್ತಗಾಗುತ್ತದೆ.

ಎರಡು ಲೋಟ ಬನ್ಸಿ ರವೆಯನ್ನು ಮಿಕ್ಸಿಯಲ್ಲಿ ನುಣ್ಣಗೆ ಮಾಡಿ ಜರಡಿ ಹಿಡಿಯಿರಿ. ಚಿಟಿಕೆ ಉಪ್ಪು ಹಾಕಿ. ಅದೇ ಲೋಟದಲ್ಲಿ ಸುಮಾರು ಮುಕ್ಕಾಲು ಲೋಟ ಉಗುರುಬೆಚ್ಚಗಿನ ನೀರು ಚಿಮುಕಿಸುತ್ತಾ ಕಲಸಿ. ಮೊದಲು ಪುಡಿಪುಡಿಯಾಗಿ ಹೆದರಿಸುತ್ತದೆ, ನೀರು ಜಾಸ್ತಿ ಮಾಡಬೇಡಿ. ಹತ್ತು ನಿಮಿಷ ಬಿಡದೆ ನಾದಿ. ಒದ್ದೆ ಬಟ್ಟೆ ಮುಚ್ಚಿ ಅರ್ಧ ಗಂಟೆ ಬಿಡಿ. ಪೆನ್ಸಿಲ್ ದಪ್ಪಕ್ಕೆ ಹೊಸೆದು, ಅವರೆಕಾಳಿನಷ್ಟು ಕತ್ತರಿಸಿ, ಬಾಚಣಿಗೆ ಅಥವಾ ಫೋರ್ಕಿನ ಮೇಲೆ ಎಳೆಯಿರಿ. ಒತ್ತೋದು ಕಡಿಮೆ, ಎಳೆಯೋದು ಜಾಸ್ತಿ! ಬಟ್ಟೆ ಮೇಲೆ ಅರ್ಧ ಗಂಟೆ ಆರಲಿ.

ಬೇಯಿಸಲು ನೀರು ಧಾರಾಳವಾಗಿರಲಿ, 100 ಗ್ರಾಂ ಪಾಸ್ತಾಗೆ ಒಂದು ಲೀಟರ್. ಕುದಿ ಬಂದ ಮೇಲೆ ಉಪ್ಪು, ಆಮೇಲೆ ಪಾಸ್ತಾ. ತೇಲಿದ ನಂತರವೂ ಎರಡು ಮೂರು ನಿಮಿಷ ಬಿಟ್ಟು ಒಂದನ್ನು ಕಚ್ಚಿ ನೋಡಿ. ಬಸಿಯುವಾಗ ಆ ಗಂಜಿ ನೀರನ್ನು ಒಂದು ಲೋಟ ಎತ್ತಿಟ್ಟುಕೊಳ್ಳಿ, ಚೆಲ್ಲಬೇಡಿ. ತಣ್ಣೀರಿನಲ್ಲಿ ತೊಳೆಯಲೂ ಬೇಡಿ, ಮೇಲಿನ ಅಂಟು ಹೋದರೆ ಸಾರು ಹಿಡಿಯುವುದಿಲ್ಲ. ಎಣ್ಣೆಯಲ್ಲಿ ಜಜ್ಜಿದ ಬೆಳ್ಳುಳ್ಳಿ, ನಾಟಿ ಟೊಮೆಟೊ, ಉಪ್ಪು ಹಾಕಿ ಬೇಯಿಸಿ, ಆ ಗಂಜಿ ನೀರು ಸ್ವಲ್ಪ ಸೇರಿಸಿ, ಪಾಸ್ತಾ ಹಾಕಿ ಕೈಯಾಡಿಸಿದರೆ ಮುಗಿಯಿತು. ಟೊಮೆಟೊಗೆ ಕೋಲಾರದವರು ಯಾರನ್ನೂ ಕೇಳಬೇಕಾಗಿಲ್ಲ, ದೇಶದ ದೊಡ್ಡ ಟೊಮೆಟೊ ಮಾರುಕಟ್ಟೆಗಳಲ್ಲೊಂದು ಅಲ್ಲೇ ಇದೆ. ಬೇಸಿಲ್ ಎಲೆಗೆ ಸೂಪರ್ ಮಾರ್ಕೆಟ್‌ಗೆ ಓಡಬೇಡಿ. ಕಾಮಕಸ್ತೂರಿ ಗಿಡವಿದೆಯೇ? ಅದೇ ಬೇಸಿಲ್.

ನೀವೂ ಹೋಗೋದಾದ್ರೆ

ಕೆಜಿಎಫ್‌ಗೇ ಹೋಗಬೇಕೆಂದಿಲ್ಲ. ಕೋಟಿಲಿಂಗೇಶ್ವರಕ್ಕೆ ಹೊರಟವರು ಅಲ್ಲಿಂದ ಹತ್ತಿರವೇ ಇರುವ ಕೆಜಿಎಫ್‌ನಲ್ಲಿ ಪರಿಚಯದ ಮನೆಯೊಂದಿದ್ದರೆ ಅರ್ಧ ದಿನ ಜಾಸ್ತಿ ಇಟ್ಟುಕೊಳ್ಳಿ. ಮಂಗಳೂರು, ಧಾರವಾಡ, ಗೋವಾ, ಎಲ್ಲಿಗೆ ಹೋದರೂ ಅಷ್ಟೆ. ಯಾರದೋ ಮನೆಗೆ ಕಲಿಯಲು ಹೋಗುವಾಗ ಹಬ್ಬದ ಹಿಂದಿನ ದಿನ ಮಾತ್ರ ಬೇಡ, ಅವರ ತಲೆ ಅವರಿಗೆ ಸಾಕಾಗಿರುತ್ತದೆ. ಹತ್ತು ಹದಿನೈದು ದಿನ ಮುಂಚೆ ಒಳ್ಳೆಯದು. ಸಾಮಾನು ನೀವೇ ಒಯ್ಯಿರಿ. ಹೊರಗಿನವರಿಗೆ ಹೇಳಿಕೊಡುವುದನ್ನೇ ಕಸುಬು ಮಾಡಿಕೊಂಡವರಾದರೆ ಚೌಕಾಶಿ ಮಾಡದೆ ಫೀಸು ಕೊಡಿ. ಮನೆಯವರು ದುಡ್ಡು ಬೇಡವೆಂದರೆ, ಮಾಡಿದ್ದರಲ್ಲಿ ಹೆಚ್ಚಿನ ಪಾಲು ಅಲ್ಲೇ ಬಿಟ್ಟು ಬನ್ನಿ. ನಾವು ಹೆಂಗಸರು ಇನ್ನೊಬ್ಬರ ಅಡುಗೆಮನೆಗೆ ಕಾಲಿಟ್ಟ ಕೂಡಲೇ "ನಮ್ಮ ಕಡೆ ಹೀಗಲ್ಲ" ಅಂತ ಶುರು ಮಾಡ್ತೀವಲ್ಲ, ಆ ಮಾತನ್ನು ಚಪ್ಪಲಿ ಜೊತೆ ಹೊರಗೇ ಬಿಡಿ.

ವಿಡಿಯೊ ತೆಗೆಯುವುದಾದರೆ ಮೊದಲು ಕೇಳಿ, ಮುಖದ್ದಲ್ಲ, ಕೈಯದ್ದು ತೆಗೆಯಿರಿ. ತೆಗೆದದ್ದು ಸಾಕು ಅನಿಸಿದ ಮೇಲೆ ಮೊಬೈಲ್ ಇಟ್ಟು ಕೂತು ಮಾಡಿ. ಅಳತೆಗೆ ತಕ್ಕಡಿ ಉಪಾಯ ಇದ್ದೇ ಇದೆ. "ಹೇಗೆ ಮಾಡ್ತೀರಾ" ಅಂತ ಕೇಳುವುದಕ್ಕಿಂತ "ಯಾವಾಗ ಕೆಡುತ್ತೆ" ಅಂತ ಕೇಳಿದರೆ ಹೆಚ್ಚು ವಿಷಯ ಹೊರಬರುತ್ತದೆ. ನೀವು ಕೆಡಿಸಿದರಂತೂ ಇನ್ನೂ ಒಳ್ಳೆಯದು, ನನ್ನ ಕಲ್‌ಕಲ್ ಬಿಚ್ಚಿಕೊಳ್ಳದಿದ್ದರೆ ಆ ಅಂಚು ಒತ್ತುವ ಗುಟ್ಟು ಆಂಟಿಯ ಬಾಯಿಂದ ಬರುತ್ತಲೇ ಇರಲಿಲ್ಲ.

ಕ್ರಿಸ್‌ಮಸ್ ಮುಗಿದು ಆಫೀಸಿಗೆ ಬಂದ ಗೆಳತಿ ಎಂದಿನಂತೆ ಡಬ್ಬಿ ತಂದಿದ್ದಳು. ಮೇಲಿನ ಸಾಲು ಒಂದೇ ಅಳತೆಯವು, ಅಚ್ಚುಕಟ್ಟು. ಕೆಳಗಿನವು ಒಂದು ದಪ್ಪ, ಒಂದು ಸಣ್ಣ, ಕೆಲವು ಬಿಚ್ಚಿಕೊಂಡು ಚಿಪ್ಸ್ ಆದವು. ಯಾರು ಯಾವುದನ್ನು ಮಾಡಿದ್ದು ಅಂತ ನಾನು ಕೇಳಲಿಲ್ಲ. "ಕೆಳಗಿನದು ತಗೋ" ಅಂತ ಅವಳೇ ಡಬ್ಬಿ ಮುಂದೆ ಹಿಡಿದಳು.